ಹಳೆಯ ಪ್ರೋಗ್ರಾಂನಲ್ಲಿ ಇಂಕಾರ್ ನನ್ನ ಮಗಳು

ಹೆಸರು ತುಯಾಕ್‌ಬಾಯ್, ಊರವರು ಗೌರವದಿಂದ ಕರೆಯುವುದು ತುಯೆಕೆ, ತಂದೆ ಎಸ್ಮುಖಾನ್, ವಯಸ್ಸು 62 ವರ್ಷ, ಬಜಾರಿನಲ್ಲಿ ಟಯರು ಮತ್ತು ಬಿಡಿಭಾಗಗಳ ವ್ಯಾಪಾರ, ವಾಸ ಸ್ಟೇಷನ್ ಬೀದಿ, ಮನೆ ನಂ. 14, ಕೊಸ್ಕುದುಕ್ ಪಟ್ಟಣ, ಕಿಜಿಲೊರ್ದಾ ಪ್ರಾಂತ್ಯ. ಈ ದಿನ ಠಾಣೆಯಲ್ಲಿ ಕಪ್ತಾನ್ ಅಬಿಲ್ಮಾಝಿನ್ ಅವರ ಮುಂದೆ ಕುಳಿತು, ಯಾರ ಒತ್ತಾಯವೂ ಇಲ್ಲದೆ ನಾನಾಗಿ ಹೇಳಿ ಬರೆಸುವುದೇನೆಂದರೆ:

ನಾನು ಮೇಲ್ಕಂಡ ವಿಳಾಸದಲ್ಲಿ ಹೆಂಡತಿ ಬಿಬಿಸಾರಾ ಹಾಗೂ ಕಿರಿಯ ಮಗಳು ಇಂಕಾರ್, ವಯಸ್ಸು 9 ವರ್ಷ, ಇವರೊಂದಿಗೆ ವಾಸವಾಗಿರುತ್ತೇನೆ. ಸ್ಟೇಷನ್ನಿನಲ್ಲಿ ಸೂರ್ಯಕಾಂತಿ ಬೀಜ ಮಾರುವುದರಿಂದ ಶುರುಮಾಡಿ ಸ್ವಂತ ಅಂಗಡಿ ಮಾಡಿಕೊಂಡವನು. ನನ್ನ ಮೇಲೆ ಈ ಹಿಂದೆ ಯಾವ ಕೇಸೂ ಇರುವುದಿಲ್ಲ. ತೆರಿಗೆಯವರು ಎರಡು ಸಲ ಬಂದು ಚಹಾ ಕುಡಿದು ಹೋಗಿದ್ದಾರೆ, ಅಷ್ಟೆ.

ಇಂಕಾರ್‌ಗೆ ಐದನೇ ವಯಸ್ಸಿನಿಂದ ಸಕ್ಕರೆ ಕಾಯಿಲೆ ಇದ್ದು ದಿನವೂ ಇನ್ಸುಲಿನ್ ಚುಚ್ಚಬೇಕು. ಔಷಧಿ ಸರ್ಕಾರದ್ದು, ಉಚಿತ. ಪಾಲಿಕ್ಲಿನಿಕ್ಕಿನ ಗುಮಾಸ್ತೆ ಕಾಮ್‌ಶಾತ್ ಆಪಾ ಪ್ರತಿ ತಿಂಗಳೂ ಕಂಪ್ಯೂಟರಿನ ನೀಲಿ ಪರದೆಯಲ್ಲಿ ಹೆಸರು ಹುಡುಕಿ ಚೀಟಿ ತೆಗೆದುಕೊಡುತ್ತಿದ್ದರು. ಅದನ್ನು ಔಷಧಿ ಕಿಟಕಿಯಲ್ಲಿ ಕೊಟ್ಟು ಡಬ್ಬಿ ಪಡೆಯುತ್ತಿದ್ದೆ. ಆ ಪ್ರೋಗ್ರಾಂ ಬರೆದವರು ನಮ್ಮೂರಿನ ಭೌತಶಾಸ್ತ್ರದ ಮೇಷ್ಟ್ರು ರೈನ್‌ಹೋಲ್ಡ್. ಇಪ್ಪತ್ತು ವರ್ಷದ ಹಿಂದೆ ಅವರು ಜರ್ಮನಿಗೆ ಹೊರಟುಹೋದರು. ಪ್ರೋಗ್ರಾಂ ಇಲ್ಲೇ ಇದ್ದು ಒಂದು ದಿನವೂ ರಜೆ ಕೇಳಲಿಲ್ಲ.

ದಿನಾಂಕ 8 ಶುಕ್ರವಾರ ಸಂಜೆ ನಾನು ಕ್ಲಿನಿಕ್ಕಿನ ಆಂಬುಲೆನ್ಸಿಗೆ ಟಯರು ಕೊಡಲು ಹೋಗಿದ್ದೆ. ಅಲ್ಲಿ ಹಳೆಯ ಪ್ರೋಗ್ರಾಂಗೆ ಬೀಳ್ಕೊಡುಗೆ ನಡೆದಿತ್ತು. ಮೇಜಿನ ಮೇಲೆ ಚಹಾ, ಕರಿದ ಬಾವುರ್ಸಾಕ್, ಮಿಠಾಯಿ. ಪ್ರಾಂತ್ಯದ ಕಚೇರಿಯಿಂದ ಬಂದಿದ್ದ ಸಂಝಾರ್ ಎಂಬ ಇಂಜಿನಿಯರು, ಎಲ್ಲರ ಹೆಸರನ್ನೂ ಹೊಸ ಪ್ರೋಗ್ರಾಂಗೆ ಸಾಗಿಸಿಯಾಯಿತು, ಇನ್ನು ಹಳೆಯದನ್ನು ಆರಿಸುತ್ತೇವೆ ಎಂದು ಹೇಳಿದರು. ಎರಡೂ ಜೊತೆಜೊತೆಗೆ ಎಷ್ಟು ದಿನ ಓಡುತ್ತವೆ ಎಂದು ಕೇಳಿದೆ. ಅದಕ್ಕೆ ಅವರು ನಕ್ಕು, ಇದೇನು ಟಯರಾ ತುಯೆಕೆ, ಸ್ಟೆಪ್ನಿ ಇಟ್ಕೊಳ್ಳೋಕೆ ಎಂದರು. ಸ್ಟೆಪ್ನಿ ಇಲ್ದೆ ಕಿಜಿಲೊರ್ದಾ ತನಕ ಹೋಗಿ ಬಾರಪ್ಪ, ಆಮೇಲೆ ಮಾತಾಡು ಎಂದು ನಾನೂ ಅಂದೆ. ಎಲ್ಲರೂ ನಕ್ಕರು. ನಾನು ಅಂಗಡಿಯನ್ನು ಹಳೆಯ ಸಾಲಿನಿಂದ ಹೊಸ ಸಾಲಿಗೆ ಸಾಗಿಸಿದಾಗ ಗಿರಾಕಿಗಳ ಕಾಲಿಗೆ ಹೊಸ ದಾರಿ ರೂಢಿಯಾಗಲಿ ಎಂದು ಹಳೆಯ ಬಾಗಿಲನ್ನು ಒಂದಿಡೀ ಚಳಿಗಾಲ ಅರ್ಧ ತೆರೆದೇ ಇಟ್ಟಿದ್ದೆ. ಇದು ಪ್ರಕರಣಕ್ಕೆ ಸಂಬಂಧಿಸಿದ್ದಲ್ಲ ಎಂದು ಕಪ್ತಾನರು ಹೇಳಿದ್ದರಿಂದ ಇಲ್ಲಿಗೆ ಬಿಡುತ್ತೇನೆ.

ದಿನಾಂಕ 11 ಸೋಮವಾರ ಬೆಳಿಗ್ಗೆ 9-20ಕ್ಕೆ ಆ ತಿಂಗಳ ಔಷಧಿಗೆಂದು ಹೋದೆನು. ಕಾಮ್‌ಶಾತ್ ಆಪಾ ಹೊಸ ಪರದೆಯಲ್ಲಿ ಮೂರು ಸಲ ಹುಡುಕಿ, ಅಯ್ಯೋ ತುಯೆಕೆ, ನಿಮ್ಮ ಹುಡುಗಿ ಇದರಲ್ಲಿ ಇಲ್ವೇ ಇಲ್ಲ ಎಂದರು. ಸಂಝಾರ್ ಬಂದು ನೋಡಿ, ಹಳೆಯದು ಬರೀ ಹೆಸರು ಕೇಳುತ್ತಿತ್ತು, ಹೊಸದು ಸರ್ಕಾರಿ ನಂಬರು ಕೇಳುತ್ತದೆ, ಆ ನಂಬರಿನ ಪ್ರಕಾರ ಇಂಕಾರ್ ಎಂಬ ಮಗುವಿನ ತಂದೆ ಬೆಕ್‌ಝಾತ್, ವಿಳಾಸ ಅಕ್ತಾವ್ ನಗರ, ಎರಡೂ ತಾಳೆಯಾಗದ್ದರಿಂದ ಸಾಗಿಸುವಾಗ ಬಿಟ್ಟುಹೋಗಿದೆ ಎಂದರು.

ಬೆಕ್‌ಝಾತ್ ನನ್ನ ಹಿರಿಯ ಮಗ. ಇಂಕಾರ್ ಅವನ ಚೊಚ್ಚಲು. ಚೊಚ್ಚಲ ಕೂಸನ್ನು ಅಜ್ಜ ಅಜ್ಜಿ ತಮ್ಮ ಮಡಿಲಿಗೆ ತೆಗೆದುಕೊಂಡು ತಮ್ಮದೇ ಮಾಡಿಕೊಳ್ಳುವುದು ನಮ್ಮಲ್ಲಿ ಮೊದಲಿಂದ ನಡೆದುಬಂದದ್ದು. ಅವಳು ನನ್ನನ್ನು ಅಪ್ಪ ಎನ್ನುತ್ತಾಳೆ, ಬೆಕ್‌ಝಾತ್‌ನನ್ನು ಅಣ್ಣ, ಅವನ ಹೆಂಡತಿಯನ್ನು ಅತ್ತಿಗೆ. ಬೇರೆ ಏನೂ ಅವಳಿಗೆ ತಿಳಿಯದು. ಊರೆಲ್ಲ ಹೇಳುವಂತೆಯೇ ಕಾಮ್‌ಶಾತ್ ಆಪಾ ಹಳೆಯ ಪ್ರೋಗ್ರಾಂನಲ್ಲಿ ತಂದೆ ತುಯಾಕ್‌ಬಾಯ್ ಎಂದು ಬರೆದಿದ್ದರು. ನೀನೂ ನಮ್ಮವನೇ ಅಲ್ವೇನಪ್ಪ, ನಿಂಗಿದು ಗೊತ್ತಿಲ್ವಾ ಎಂದು ಸಂಝಾರ್‌ಗೆ ಕೇಳಿದೆ. ಅವರು ತಲೆ ತಗ್ಗಿಸಿ, ನಂಗೊತ್ತು ತುಯೆಕೆ, ನಮ್ಮಣ್ಣನೂ ತಾತನ ಮಗನಾಗೇ ಬೆಳೆದೋನು, ಇದಕ್ಕೆ ಗೊತ್ತಿಲ್ಲ ಎಂದು ಪರದೆ ತೋರಿಸಿದರು. ಸೇರಿಸಬೇಕಾದರೆ ಹೆತ್ತವರಿಬ್ಬರ ಸಹಿಯ ಕಾಗದ ಬೇಕು, ಹತ್ತು ಕೆಲಸದ ದಿನ ಹಿಡಿಯುತ್ತದೆ ಎಂದರು. ಬೆಕ್‌ಝಾತ್ ಕಡಲಿನ ತೈಲಬಾವಿಯ ಪಾಳಿಯಲ್ಲಿದ್ದು 20ನೇ ತಾರೀಕಿನವರೆಗೆ ದಡಕ್ಕೆ ಬರುವುದಿಲ್ಲ.

ಮನೆಯಲ್ಲಿ ಒಂದು ದಿನಕ್ಕಾಗುವಷ್ಟು ಔಷಧಿ ಮಾತ್ರ ಇತ್ತು. ಅಂದಿನಿಂದ ಅರ್ಧರ್ಧ ಚುಚ್ಚಿದೆವು. ಸಕ್ಕರೆ ಏರಬಾರದೆಂದು ಬಿಬಿಸಾರಾ ಮನೆಯಲ್ಲಿದ್ದ ರೊಟ್ಟಿಯನ್ನೆಲ್ಲ ಪಕ್ಕದ ಮನೆಗೆ ಕೊಟ್ಟಳು. ಊಟದ ಹೊತ್ತಿಗೆ ನಾವು ಕರೆಯುವ ಮೊದಲೇ ಇಂಕಾರ್ ತನಗೆ ಹಸಿವಿಲ್ಲ ಎಂದು ಹೇಳತೊಡಗಿದಳು. ಊರಿನಲ್ಲಿ ಇನ್ಸುಲಿನ್ ಚುಚ್ಚಿಕೊಳ್ಳುವ ಇನ್ನಿಬ್ಬರಿದ್ದು, ಅವರದು ಬೇರೆ ಬಗೆಯದೆಂದು ತಿಳಿಯಿತು. ಮಂಗಳವಾರ 160 ಕಿ.ಮೀ. ದೂರದ ಕಿಜಿಲೊರ್ದಾಕ್ಕೆ ಹೋಗಿ ಔಷಧಿ ಅಂಗಡಿಗಳಲ್ಲಿ ಕೇಳಿದೆ. ಹಣ ಎಷ್ಟಾದರೂ ಕೊಡುತ್ತೇನೆಂದೆ. ಹೊಸ ಪ್ರೋಗ್ರಾಂ ಅಚ್ಚುಹಾಕಿದ ಚೀಟಿ ಇಲ್ಲದೆ ಕೊಡುವಂತಿಲ್ಲ ಎಂದು ಎಲ್ಲ ಕಡೆಯೂ ಹೇಳಿದರು.

ಈ ದಿನ ಬೆಳಿಗ್ಗೆ ಔಷಧಿ ಪೂರ್ತಿ ಮುಗಿದಿತ್ತು. ಇಂಕಾರ್ ಎರಡು ಸಲ ವಾಂತಿ ಮಾಡಿಕೊಂಡಳು. ಅವಳ ಬಾಯಿಂದ ಕೊಳೆತ ಸೇಬಿನ ವಾಸನೆ ಬರುತ್ತಿತ್ತು. ಎರಡು ವರ್ಷದ ಹಿಂದೆ ಈ ವಾಸನೆ ಬಂದ ಮೇಲೆ ಅವಳು ಮೂರು ದಿನ ಕಣ್ಣು ಬಿಟ್ಟಿರಲಿಲ್ಲ. ಮುಖ್ಯ ವೈದ್ಯೆ ರೌಶನ್ ತೋಲೆಗೆನೊವ್ನಾ ಅವರ ಕೋಣೆಗೆ ಹೋಗಿ ಹೇಳಿದೆನು. ಅವರು ತಮ್ಮ ಕೈ ಕಟ್ಟಿದೆ, ಪ್ರಜ್ಞೆ ತಪ್ಪಿದರೆ ಆಂಬುಲೆನ್ಸ್ ಕರೆಯಿರಿ, ಆಗ ಹೆಸರು ಕೇಳದೆ ಔಷಧಿ ಕೊಡುತ್ತಾರೆ ಎಂದರು. ಆ ಆಂಬುಲೆನ್ಸಿನ ಟಯರು ನನ್ನದೇ ತಾಯಿ, ಚೆನ್ನಾಗಿ ಓಡುತ್ತೆ, ಆದ್ರೆ ನನ್ನ ಮಗು ಇನ್ನೂ ಎದ್ದು ಕೂತಿದೆ, ಅದು ಬೀಳೋ ತನಕ ಕಾಯ್ಲಾ ಎಂದು ಕೇಳಿದೆ.

ಹೊರಗೆ ಬಂದಾಗ ಹಳೆಯ ಕಂಪ್ಯೂಟರು ಹಗ್ಗ ಕಟ್ಟಿಸಿಕೊಂಡು ಮೊಗಸಾಲೆಯ ಗೋಡೆ ಪಕ್ಕ ಇತ್ತು. ಹಗ್ಗ ಕತ್ತರಿಸಿ ಅಲ್ಲೇ ಪ್ಲಗ್ಗಿಗೆ ಹಾಕಿದೆನು. ಕಾಮ್‌ಶಾತ್ ಆಪಾ ಬೇಡ ಬೇಡ ಎನ್ನುತ್ತಲೇ ನೆಲದ ಮೇಲೆ ಕೂತು ಹೆಸರು ಒತ್ತಿದರು. ಹೆಸರು ಬಂತು: ಇಂಕಾರ್, ತಂದೆ ತುಯಾಕ್‌ಬಾಯ್. ಸಾಲಿನಲ್ಲಿದ್ದ ಒಬ್ಬ ಮುದುಕಿ, ನೋಡ್ರೇ, ಹುಡುಗಿ ಇಲ್ಲೇ ಇದಾಳೆ, ಇವ್ರಿಗೇ ಕಣ್ಣಿಲ್ಲ ಎಂದು ಕೂಗಿದಳು. ಔಷಧಿ ಕಿಟಕಿಯವಳು ಮಾತ್ರ ಆ ಪರದೆ ಈಗ ಲೆಕ್ಕಕ್ಕಿಲ್ಲ ಎಂದಳು. ಆಗ ನಾನು ಪಕ್ಕದ ಬಾಗಿಲಿನಿಂದ ಒಳನುಗ್ಗಿ ಫ್ರಿಜ್ ತೆರೆದು ಒಂದು ಡಬ್ಬಿ ತೆಗೆದುಕೊಂಡಿದ್ದು ನಿಜ. ಯಾರ ಮೈಮೇಲೂ ಕೈಮಾಡಿಲ್ಲ. ನನ್ನ ಗುರುತಿನ ಚೀಟಿಯನ್ನು ಫ್ರಿಜ್ಜಿನಲ್ಲಿ ಆ ಡಬ್ಬಿ ಇದ್ದ ಜಾಗದಲ್ಲಿ ಇಟ್ಟು ಮನೆಗೆ ಹೋದೆನು.

ಪೊಲೀಸರು ಬಂದಾಗ ಇಂಕಾರ್‌ಗೆ ಚುಚ್ಚಿಯಾಗಿತ್ತು, ವಾಂತಿಯೂ ನಿಂತಿತ್ತು. ಡಬ್ಬಿಯನ್ನು ಜಪ್ತಿ ಮಾಡಿರುತ್ತಾರೆ. ಅದನ್ನು ಠಾಣೆಯ ಫ್ರಿಜ್ಜಿನಲ್ಲಿ ಇಡಬೇಕೆಂದೂ ಹೀಟರಿನ ಹತ್ತಿರ ಇಡಬಾರದೆಂದೂ ವಿನಂತಿ. ಮುಂದಿನದನ್ನು ಸಂಜೆ ಏಳಕ್ಕೆ ಚುಚ್ಚಬೇಕು.

ಸಂಝಾರ್ ಈಗ ಫೋನು ಮಾಡಿ, ಮಗು ಅಜ್ಜನ ಪೋಷಣೆಯಲ್ಲಿದೆ ಎಂದು ಪೊಲೀಸ್ ದಾಖಲೆಯಲ್ಲಿ ಅಜ್ಜನೇ ಬರೆಸಿದ್ದರೆ ಹೊಸ ಪ್ರೋಗ್ರಾಂ ಅದನ್ನು ಒಪ್ಪುತ್ತದೆ, ಇವತ್ತೇ ಹೆಸರು ಸೇರಿಸಬಹುದು ಎಂದು ಕಪ್ತಾನರಿಗೆ ತಿಳಿಸಿದ್ದಾರೆ. ಆದ್ದರಿಂದ ಮೇಲೆ ಮೊದಲಲ್ಲಿ ಕಿರಿಯ ಮಗಳು ಎಂದು ಬರೆಸಿದ್ದನ್ನು ಹೊಡೆದು ಮಗನ ಮಗಳು ಎಂದು ಓದಿಕೊಳ್ಳತಕ್ಕದ್ದು.

ಈ ಹೇಳಿಕೆಯನ್ನು ಗಟ್ಟಿಯಾಗಿ ಓದಿ ಹೇಳುವುದು ಪದ್ಧತಿ ಎಂದು ಕಪ್ತಾನರು ತಿಳಿಸಿದರು. ಬೇಡವೆಂದು ಕೇಳಿಕೊಂಡೆ. ಬಾಗಿಲು ತೆಳು, ಆಚೆ ಬೆಂಚಿನ ಮೇಲೆ ಅವಳು ಅಪ್ಪನಿಗಾಗಿ ಕಾದು ಕೂತಿದ್ದಾಳೆ. ನಾನೇ ಕಣ್ಣಿನಲ್ಲಿ ಓದಿಕೊಂಡೆ. ಬರೆದಿರುವುದೆಲ್ಲ ನಾನು ಹೇಳಿದಂತೆಯೇ ಇದೆ, ಸತ್ಯವಾಗಿದೆ.

ಸ್ಥಳ: ಕೊಸ್ಕುದುಕ್ ಠಾಣೆ
ದಿನಾಂಕ: 13-02-2019, ಸಂಜೆ 4-45
ಸಹಿ: ತುಯಾಕ್‌ಬಾಯ್, ಇಂಕಾರ್‌ಳ ಅಜ್ಜ