ಮೂರನೇ ಸಿಲಿಂಡರಿನೊಳಗಿದ್ದ ಹಗ್ಗ

ನನ್ನ ಹೆಸರು ಚಂದನ, ತಂದೆ ಮುನಿಯಲ್ಲಪ್ಪ, ವಯಸ್ಸು ಇಪ್ಪತ್ತು, ಕಸುಬು ಕಾರು ಮೆಕ್ಯಾನಿಕ್, ವಾಸ ಯಲ್ದೂರು, ಶ್ರೀನಿವಾಸಪುರ ತಾಲ್ಲೂಕು. ಯಾರೂ ಕರೆಯದೆ ನಾನಾಗಿಯೇ ಠಾಣೆಗೆ ಬಂದು ಈ ಮೂಲಕ ತಿಳಿಸುವುದೇನೆಂದರೆ:

ನಾನು ಎರಡನೇ ಪಿಯುಸಿ ಅರ್ಧಕ್ಕೆ ಬಿಟ್ಟಿದ್ದೇನೆ. ಒಂದೇ ಕಡೆ ಕೂರಲು ನನಗೆ ಆಗುವುದಿಲ್ಲ. ಎರಡು ವರ್ಷದಿಂದ ಶ್ರೀನಿವಾಸಪುರದಲ್ಲಿ ನನ್ನ ಸೋದರಮಾವ ಕದಿರೇಶ್ ಅವರ ಗ್ಯಾರೇಜಿನಲ್ಲಿ ಕೆಲಸ ಮಾಡುತ್ತಿದ್ದೇನೆ.

ಇಂದು ಬೆಳಿಗ್ಗೆ ಒಂಬತ್ತು ಗಂಟೆಗೆ ಬೈರಕೂರಿನ ಆವಲಪ್ಪನವರು ತಮ್ಮ ಹಳೆಯ ಬಿಳಿ ಕಾರನ್ನು ತಂದರು. ಸೈಲೆನ್ಸರಿನಿಂದ ನೀಲಿ ಹೊಗೆ ಬರುತ್ತಿತ್ತು. ವಾಲ್ವ್ ಸೀಲ್ ಹೋಗಿವೆ, ಆಯಿಲ್ ಒಳಗಿಳಿದು ಸುಡುತ್ತಿದೆ ಎಂದು ಮಾವ ತಿಳಿಸಿದರು. ಏನಾದ್ರೂ ಮಾಡು ಕದಿರೇಶ, ಹೆಡ್ ಮಾತ್ರ ಇಳಿಸ್ಬೇಡ, ಹೋದ್ಸಲ ಬೇರೆ ಕಡೆ ಇಳಿಸಿ ಇಡೀ ಮಾವಿನ ಸೀಸನ್ನು ನನ್ನ ಬಸ್‌ಸ್ಟ್ಯಾಂಡಲ್ಲಿ ನಿಲ್ಲಿಸ್ಬಿಟ್ರು ಎಂದು ಆವಲಪ್ಪನವರು ಹೇಳಿದರು. ಮಾವ ಒಪ್ಪಿಕೊಂಡರು.

ಹೆಡ್, ಅಂದರೆ ಸಿಲಿಂಡರುಗಳ ಮೇಲಿನ ಮುಚ್ಚಳ, ಇಳಿಸದೆ ಸೀಲ್ ಬದಲಿಸುವಾಗ, ಸ್ಪ್ರಿಂಗ್ ಬಿಚ್ಚಿದ ಕೂಡಲೇ ವಾಲ್ವ್ ಸಿಲಿಂಡರಿನೊಳಗೆ ಬಿದ್ದುಬಿಡಬಹುದು. ಅದಕ್ಕೆ ಸ್ಪಾರ್ಕ್ ಪ್ಲಗ್ಗಿನ ತೂತಿನಿಂದ ಹೊಸ ನೈಲಾನ್ ಹಗ್ಗ ತುಂಬಿ, ಇಂಜಿನ್ನನ್ನು ಸ್ಪ್ಯಾನರಿನಿಂದ ನಿಧಾನವಾಗಿ ತಿರುಗಿಸುತ್ತೇವೆ. ಪಿಸ್ಟನ್ ಮೇಲೆ ಬಂದು ಹಗ್ಗವನ್ನು ಒತ್ತುತ್ತದೆ, ಹಗ್ಗ ವಾಲ್ವನ್ನು ಬೀಳದಂತೆ ಹಿಡಿಯುತ್ತದೆ. ಇದನ್ನು ಮಾವ ಗಿರಾಕಿಗೆ ಮೊದಲೇ ಹೇಳಲಿಲ್ಲ. ನಾನೂ ಹೇಳಲಿಲ್ಲ. ಬ್ಯಾಟರಿಯ ವೈರನ್ನೂ ನಾವು ಬಿಚ್ಚಿರಲಿಲ್ಲ.

ಆವಲಪ್ಪನವರು ಮಾವಿನ ಮಂಡಿಗೆ ಹೋಗಿ ಹನ್ನೆರಡಕ್ಕೆ ವಾಪಸು ಬಂದರು. ಆಗ ಎರಡು ಸಿಲಿಂಡರ್ ಮುಗಿದು, ಕೊನೆಯದಾದ ಮೂರನೆಯದಕ್ಕೆ ಹಗ್ಗ ತುಂಬಿಯಾಗಿತ್ತು. ಅವರು ಬಗ್ಗಿ ನೋಡಿ, ಏಮಿರಾ ಇದಿ, ಏನೋ ಇದು, ದನ ಕಟ್ಟೋ ಹಗ್ಗ ತಂದು ನನ್ ಇಂಜಿನ್‌ಗೆ ತುರುಕಿದ್ದೀಯ ಎಂದರು. ಹಸು ಓಡೋಗ್ದೆ ಇರ್ಲಿ ಅಂತ ಕಣಣ್ಣೋ ಎಂದು ಮಾವ ನಕ್ಕರು. ಆ ಹೊತ್ತಿನಲ್ಲಿ ಆ ತಮಾಷೆ ಬೇಕಿರಲಿಲ್ಲ. ಕೆಡಿಸಿ ಆಮೇಲೆ ಹೆಡ್ ಇಳಿಸೋ ಪ್ಲಾನಾ ಎಂದವರೇ ಆವಲಪ್ಪನವರು ಬಾಗಿಲು ತೆಗೆದು ಕೀ ತಿರುಗಿಸಿದರು. ಹಗ್ಗ ಅಡ್ಡವಾಗಿ ಇಂಜಿನ್ ತಿರುಗದೆ ಗಕ್ಕೆಂದು ನಿಂತಿತು. ಮಾವ ಕೀ ಕಿತ್ತುಕೊಂಡು, ಹೊರಗೆಳೆದು, ಎರಡೂ ಕೈಯಿಂದ ಅವರನ್ನು ತಳ್ಳಿದರು. ಅವರು ಟೈರುಗಳ ಮೇಲೆ ಬಿದ್ದು ಬಲ ಮೊಣಕೈ ತರಚಿತು.

ಅವರು ಫೋನ್ ಮಾಡಿದ್ದರಿಂದ ಪೊಲೀಸರು ಬಂದು ಮಾವನನ್ನು ಕರೆದೊಯ್ದರು. ಇಂಜಿನ್ ಬೇಕೆಂದೇ ಹಾಳುಮಾಡಿ ಹೊಡೆದರು ಎಂಬುದು ದೂರು. ನಾನೂ ನನ್ನ ಅತ್ತೆ ಗಂಗಾಲಕ್ಷ್ಮಿಯೂ ಹಿಂದೆಯೇ ಠಾಣೆಗೆ ಬಂದೆವು. ಜಾರಿ ಬಿದ್ರು ಅಂತ ಹೇಳೇ, ನಿನ್ ಗಂಟೇನ್ ಹೋಗುತ್ತೆ, ಕೇಸಾದ್ರೆ ಗ್ಯಾರೇಜ್ ಮುಚ್ಚಬೇಕಾಗುತ್ತೆ ಎಂದು ಅತ್ತೆ ಬಾಗಿಲಲ್ಲೇ ಹೇಳಿದರು. ನಾನು ಆಗುವುದಿಲ್ಲ ಎಂದೆ. ಅವರು ಮುಖ ತಿರುಗಿಸಿಕೊಂಡರು.

ಇಂಜಿನ್ ಹಾಳಾಗಿದೆಯೇ ಎಂದು ಎಎಸ್‌ಐ ಮುನಿಲಕ್ಷ್ಮಿ ಮೇಡಂ ಕೇಳಿದರು. ಗೊತ್ತಿಲ್ಲ, ಹಗ್ಗ ಒಳಗೆ ತುಂಡಾಗಿದ್ದರೆ ಹೆಡ್ ಇಳಿಸಲೇಬೇಕು, ಆವಲಪ್ಪನವರ ಎದುರಿಗೇ ತೆಗೆದು ಕೆಲಸ ಮುಗಿಸುತ್ತೇನೆ ಎಂದೆ. ಒಬ್ಬಳೇ ಯಾವತ್ತಾದರೂ ಮಾಡಿದ್ದೀಯಾ ಎಂದರು. ಇಲ್ಲ ಎಂದೆ. ಮತ್ತೆ ಹೆಂಗಮ್ಮ ಎಂದರು. ಅರ್ಧಕ್ಕೆ ಬಿಟ್ರೆ ಅದು ಹಂಗೇ ಇರುತ್ತಲ್ಲ ಮೇಡಂ ಎಂದೆ. ದೂರು ಕೊಟ್ಟು ಅಲ್ಲೇ ಕೂತಿದ್ದ ಆವಲಪ್ಪನವರು ಒಪ್ಪಿದರು.

ಎರಡು ಗಂಟೆಗೆ ನಾನೂ ಆವಲಪ್ಪನವರೂ ಕಾನ್‌ಸ್ಟೇಬಲ್ ವೆಂಕಟ್ ಜೊತೆ ಗ್ಯಾರೇಜಿಗೆ ಹೋದೆವು. ಮೊದಲು ಬ್ಯಾಟರಿ ಬಿಚ್ಚಿದೆ. ಇಂಜಿನ್ನನ್ನು ಕೊಂಚ ಹಿಂದಕ್ಕೆ ತಿರುಗಿಸಿ ಹಗ್ಗ ಎಳೆದೆ. ಒಂದು ಗೇಣು ಬಂದು ಸಿಕ್ಕಿಕೊಂಡಿತು. ಇನ್ನೂ ಸ್ವಲ್ಪ ತಿರುಗಿಸಿ ಎಳೆದೆ. ನೂಲು ಬಿಚ್ಚದಿರಲೆಂದು ಬೆಂಕಿಕಡ್ಡಿಯಿಂದ ಸುಟ್ಟಿದ್ದ ಅದರ ಕಪ್ಪು ತುದಿಯೂ ಹೊರಬಂತು, ಹಗ್ಗ ತುಂಡಾಗಿರಲಿಲ್ಲ. ನಾನು ಅದನ್ನು ಆವಲಪ್ಪನವರ ಕೈಗೆ ಕೊಟ್ಟೆ. ಅವರು ಉದ್ದಕ್ಕೂ ಸವರಿ ನೋಡಿದರು.

ಬೇರೆ ಹಗ್ಗ ತುಂಬಿ, ಸ್ಪ್ರಿಂಗ್ ಬಿಚ್ಚಿ, ಹಳೆಯ ಸೀಲ್ ಕಿತ್ತೆ. ಅದು ಕಲ್ಲಿನ ಹಾಗೆ ಗಟ್ಟಿಯಾಗಿತ್ತು. ಹೊಸದಕ್ಕೆ ಆಯಿಲ್ ಹಚ್ಚಿ ಕೂರಿಸಿದೆ. ನಾನು ಮೋಸ ಮಾಡುತ್ತೇನೇನೋ ಎಂದು ಆವಲಪ್ಪನವರು ಮೊಬೈಲ್ ಟಾರ್ಚ್ ಹಾಕಿ ನೋಡುತ್ತಿದ್ದರು. ಆಮೇಲಾಮೇಲೆ ನನ್ನ ಕೈ ಹೋದ ಕಡೆಗೆಲ್ಲ ಬೆಳಕು ತಾನೇ ಬರುತ್ತಿತ್ತು.

ನಾಲ್ಕೂವರೆಗೆ ಎಲ್ಲವನ್ನೂ ಜೋಡಿಸಿ ಸ್ಟಾರ್ಟ್ ಮಾಡಿದೆ. ಮತ್ತೆ ನೀಲಿ ಹೊಗೆ ಬಂತು. ನೋಡಿ ಸಾರ್, ಹಂಗೇ ಐತೆ ಎಂದು ಆವಲಪ್ಪನವರು ವೆಂಕಟ್ ಅವರಿಗೆ ತೋರಿಸಿದರು. ಸೈಲೆನ್ಸರಿನಲ್ಲಿರುವ ಹಳೇ ಆಯಿಲ್ ಸುಡಲಿ ತಾತ ಎಂದೆ. ಬಂಪರಿಗೆ ಒರಗಿ ನಿಂತೆ. ಹೊಗೆ ತೆಳ್ಳಗಾಗಿ ನಿಂತುಹೋಯಿತು. ಆವಲಪ್ಪನವರು ಹೆಗಲಿನ ಬಿಳಿ ಟವೆಲನ್ನು ಸೈಲೆನ್ಸರಿಗೆ ಹಿಡಿದರು. ಅದು ನೀರಿನಿಂದ ಒದ್ದೆಯಾಗಿತ್ತು, ಎಣ್ಣೆ ಇರಲಿಲ್ಲ.

ಅದೇ ಕಾರಿನಲ್ಲಿ ಮೂವರೂ ಠಾಣೆಗೆ ಬಂದೆವು. ಇಂಜಿನ್ನಿನ ಮೇಲೆ ತಮ್ಮ ದೂರಿಲ್ಲ ಎಂದು ಆವಲಪ್ಪನವರು ತಿಳಿಸಿದರು. ತಳ್ಳಿದ್ದನ್ನೂ ಬಿಟ್ಟುಬಿಡೋಣವೇ, ಜಾರಿ ಬಿದ್ದದ್ದು ಎಂದು ಬರೆಯಲೇ ಎಂದು ಮೇಡಂ ನನ್ನನ್ನು ಕೇಳಿದರು. ಬೇಡ, ಮಾವ ತಳ್ಳಿದರು ಎಂದೇ ಬರೆಯಿರಿ ಎಂದೆ. ಬೆಂಚಿನ ಮೇಲಿದ್ದ ಮಾವ ತಲೆ ತಗ್ಗಿಸಿದರು. ಆಗ ಆವಲಪ್ಪನವರು, ಹೂಂ ಬರ್ಕೊಳ್ಳಿ, ತಳ್ದ, ನಾನು ಕೇಳ್ದೆ ಕೀ ತಿರುಗಿಸ್ದೆ, ಅದನ್ನೂ ಬರ್ಕೊಳ್ಳಿ, ಬರ್ದಾದ್ಮೇಲೆ ಅವನ್ನ ಬಿಡಿ, ಬಂದು ನನ್ ಇಂಜಿನ್‌ನ ಟಕಟಕ ಅನ್ನೋ ಟ್ಯಾಪೆಟ್ ಸದ್ದು ಸರಿಯಾಗೈತಾ ಅಂತ ಒಂದ್ಸಲ ಕೇಳ್ಲಿ ಎಂದರು.

ಇದನ್ನು ನನಗೆ ಓದಿ ಹೇಳಿದ್ದಾರೆ. ಇದರಲ್ಲಿರುವುದೆಲ್ಲ ನಾನು ಕಂಡದ್ದು ಮತ್ತು ಮಾಡಿದ್ದು, ನಿಜವಾಗಿರುತ್ತದೆ.

ಸ್ಥಳ: ಶ್ರೀನಿವಾಸಪುರ
ದಿನಾಂಕ: 12-06-2025
ಸಹಿ: ಚಂದನ ಎಂ.