ಬಿರುಕಿಗೆ ಬೆರಳಷ್ಟು ನೀರು

ಶ್ರೀಮಂತನೊಬ್ಬ ಒಂದೂರಲ್ಲಿದ್ದ ಎಂದು ಆರಂಭಿಸಿದರೆ ಕಥೆ ಅವನದೇ ಎಂದುಕೊಳ್ಳುತ್ತೀರಿ. ಅಲ್ಲ. ಇದು ಅವನ ಹೆಂಡತಿಯ ಕಥೆ. ಆದರೂ ಅವನಿಂದಲೇ ಆರಂಭಿಸಬೇಕು. ಬಿದ್ದವನು ಅವನು.

ಆ ಸಾಹುಕಾರನಿಗೆ ಹತ್ತಿಯ ಗಿರಣಿ ಇತ್ತು. ಒಂದು ಮಧ್ಯಾಹ್ನ ಗಿರಣಿಗೆ ಬೆಂಕಿ ಬಿತ್ತು. ಹತ್ತಿಗೆ ಬೆಂಕಿ ಬಿದ್ದರೆ ಏನಾಗುತ್ತದೆ ಎಂದು ನಿಮಗೆ ನಾನು ಹೇಳಬೇಕೆ? ಸಂಜೆಯೊಳಗೆ ಎಲ್ಲ ಮುಗಿದಿತ್ತು. ಸಾಲಕ್ಕೆ ದೊಡ್ಡ ಮನೆಯೂ ಹೋಯಿತು. ಮಕ್ಕಳಿಲ್ಲದ ಗಂಡ ಹೆಂಡತಿ ಇಬ್ಬರೂ ಸಣ್ಣದೊಂದು ಬಾಡಿಗೆ ಮನೆಗೆ ಬಂದರು. ಬಂದ ದಿನವೇ ಸಾಹುಕಾರ ಗೋಡೆಯ ಕಡೆ ಮುಖ ಮಾಡಿ ಮಲಗಿದ. ಜ್ವರವಿಲ್ಲ, ನೋವಿಲ್ಲ. ಏಳಲಿಲ್ಲ, ಅಷ್ಟೇ.

ಹೆಂಡತಿಯ ಹೆಸರು ಕಾಶವ್ವ. ಅವಳು ಹಾಸಿಗೆಯ ಪಕ್ಕ ಕುಳಿತು ಕರೆದಳು.

"ಏಳ್ರಿ. ಹೊರಗರೆ ಕುಂದರಾಕ ಬರ್ರಿ."

"ಮತ್ತ ಮೊದಲಿಂದ ಶುರು ಮಾಡೂದು ನನ್ನ ಕೈಲೆ ಆಗೂದಿಲ್ಲ ಕಾಶಿ. ನನ್ನ ಬಿಟ್ಟಬಿಡು."

ಕಾಶವ್ವ ಎದ್ದು ಹಿಟ್ಟಿನ ಡಬ್ಬಿ ತೆಗೆದಳು. ಅದರಲ್ಲಿ ಹಿಟ್ಟಿರಲಿಲ್ಲ. ಅವಳು ಹಿಟ್ಟನ್ನು ಹುಡುಕಿಕೊಂಡು ಹೊರಟಳು.

ಪೇಟೆಯಲ್ಲಿ ಸಾತವ್ವ ಎಂಬವಳ ಖಾನಾವಳಿ ಇತ್ತು. ಹಮಾಲರು, ಲಾರಿಯವರು ಉಣ್ಣುವ ಜಾಗ. ಕೆಲಸ ಕೇಳಿ ಬಂದ ಕಾಶವ್ವನನ್ನು ಸಾತವ್ವ ಕೆಳಗಿನಿಂದ ಮೇಲಿನವರೆಗೆ ನೋಡಿ, "ರೊಟ್ಟಿ ಬರ್ತಾವೇನವಾ?" ಎಂದು ಕೇಳಿದಳು.

"ಬರ್ತಾವ್ರಿ."

ಸುಳ್ಳು! ನೋಡಿ, ಅವಳ ಮನೆಯಲ್ಲಿ ರೊಟ್ಟಿ ಮಾಡಲು ಬೇರೆಯವರಿದ್ದರು. ಬಿರುಕು ಬಿಟ್ಟ ರೊಟ್ಟಿ ಅವಳ ಊಟದ ತಟ್ಟೆಗೆ ಎಂದೂ ಬಂದದ್ದಿಲ್ಲ. ಅದು ಅಡುಗೆಮನೆಯಿಂದಲೇ ದನದ ಕೊಟ್ಟಿಗೆಗೆ ಹೋಗುತ್ತಿತ್ತು. ಹೀಗಾಗಿ ಅವಳಿಗೆ ಗೊತ್ತಿದ್ದದ್ದು ಒಂದೇ. ರೊಟ್ಟಿ ಎಂದರೆ ದುಂಡಗೆ, ಬಿಳಿ, ಎಲ್ಲೂ ಸೀಳಿರಬಾರದು.

ಖಾನಾವಳಿಯ ಜೋಳ ಹಳೆಯದು. ಜಿಗಿ ಇಲ್ಲದ, ಅಂಟಿ ಹಿಡಿಯದ ಹಿಟ್ಟು. ತಾಯಂದಿರೆ, ಮುಂದಿನದು ನಿಮಗೆ ಗೊತ್ತು. ಅಂಗೈಯಗಲ ತಟ್ಟುವುದರೊಳಗೆ ಅಂಚು ಸೀಳಿತು. ಕಾಶವ್ವ ಏನು ಮಾಡಿದಳು? ಇಡೀ ರೊಟ್ಟಿಯನ್ನು ಮುದುಡಿ ಉಂಡೆ ಮಾಡಿದಳು. ಒಣ ಹಿಟ್ಟು ಸೇರಿಸಿ ನಾದಿದಳು, ಮೊದಲಿಂದ ತಟ್ಟಿದಳು. ಮತ್ತೆ ಸೀಳಿತು. ಮತ್ತೆ ಮುದುಡಿದಳು. ಪ್ರತಿ ಸಲವೂ ಹಿಟ್ಟು ಇನ್ನಷ್ಟು ಒಣಗುತ್ತಿತ್ತು, ಪ್ರತಿ ಸಲವೂ ಇನ್ನಷ್ಟು ಬೇಗ ಸೀಳುತ್ತಿತ್ತು.

ಪಕ್ಕದ ಒಲೆಯ ಮುಂದೆ ಕುಳಿತಿದ್ದ ಹೆಂಗಸು ಸುಮ್ಮನಿರುತ್ತಾಳೆಯೆ?

"ಏನ ಸಾವಕಾರ್ತಿ, ರೊಟ್ಟಿ ಮಾಡಾಕತ್ತೀಯೋ, ಜಿಲ್ಲಾದ ನಕಾಶಿ ತಗ್ಯಾಕತ್ತೀಯೋ?"

ಎಲ್ಲರೂ ನಕ್ಕರು. ಕಾಶವ್ವ ನಗಲಿಲ್ಲ, ಅಳಲೂ ಇಲ್ಲ. ಆ ದಿನ ಅವಳ ಹಂಚಿನಿಂದ ಒಂದು ರೊಟ್ಟಿಯೂ ಹೊರಗೆ ಬರಲಿಲ್ಲ. ಪಾತ್ರೆ ತಿಕ್ಕಿ, ಇಬ್ಬರಿಗೆ ಸಾಲುವಷ್ಟು ಅನ್ನ ಕಟ್ಟಿಸಿಕೊಂಡು ಮನೆಗೆ ಹೋದಳು.

ಮರುದಿನ ಬಂದಳು. ಅದರ ಮರುದಿನವೂ ಬಂದಳು. ನೋಡಿ, ನಾವು ಗೆದ್ದವರನ್ನು ಹೊಗಳುತ್ತೇವೆ. ನಾನು ಕೈಮುಗಿಯುವುದು ಈ ಬರುವಿಕೆಗೆ. ನಗುತ್ತಾರೆಂದು ಗೊತ್ತಿದೆ. ಸೀಳುತ್ತದೆಂದು ಗೊತ್ತಿದೆ. ಆದರೂ ಸೆರಗು ಬಿಗಿದು ಅದೇ ಹಲಗೆಯ ಮುಂದೆ ಕೂರುತ್ತಾಳೆ. ಇದಕ್ಕೆ ಎಷ್ಟು ಬಲ ಬೇಕು ಎಂದು ಎಂದಾದರೂ ಯೋಚಿಸಿದ್ದೀರಾ?

ಸಾತವ್ವ ಕೆಟ್ಟವಳಲ್ಲ. ಆದರೆ ಅವಳ ಒಲೆಯೂ ಉರಿಯಬೇಕಲ್ಲ.

"ಸಂತಿ ದಿನದ ತನಾ ನೋಡ್ತೀನವಾ," ಎಂದಳು. "ಅವತ್ತೂ ನಿನ್ನ ರೊಟ್ಟಿ ಎದ್ದು ಬರಲಿಲ್ಲಂದ್ರ, ನಾ ಬ್ಯಾರೆದವರನ್ನ ನೋಡಬೇಕಾಗ್ತದ. ಮನಸಿಗೆ ಹಚ್ಚಿಕೋಬ್ಯಾಡ."

ಸಂತೆಯ ದಿನ ಬಂತು. ಖಾನಾವಳಿ ತುಂಬಿ ಬಾಗಿಲವರೆಗೆ ಜನ. "ರೊಟ್ಟಿ ತರ್ರಿ! ರೊಟ್ಟಿ ಎಲ್ಲೈತಿ?" ಎಂದು ಉಣ್ಣುವವರ ಕೂಗು. ಕಾಶವ್ವ ತಟ್ಟುತ್ತಿದ್ದಳು. ಅಂಚು ಸೀಳಿತು. ಅಭ್ಯಾಸದಂತೆ ಮುದುಡಲು ಕೈ ಎತ್ತಿದಳು.

"ಕಾಶವ್ವಾ, ಹಂಚು ಸುಡಾಕತ್ತೈತಿ! ಹಾಕೂದರೆ ಹಾಕು!" ಎಂದು ಸಾತವ್ವ ಚೀರಿದಳು.

ಮತ್ತೆ ನಾದಲು ಹೊತ್ತೆಲ್ಲಿದೆ? ಕೈ ಅಲ್ಲೇ ನಿಂತಿತು. ಮುಂದೆ ನೀರಿನ ಬಟ್ಟಲಿತ್ತು. ಬೆರಳು ಅದ್ದಿದಳು. ಸೀಳಿದ ಕಡೆ ಒತ್ತಿದಳು. ಸೀಳು ಕೂಡಿತು. ತಟ್ಟಿದಳು. ಆಚೆ ಬದಿಯಲ್ಲಿ ಇನ್ನೊಂದು ಸೀಳು. ಬೆರಳು, ನೀರು, ಒತ್ತು. ತಟ್ಟುವುದನ್ನು ಮಾತ್ರ ನಿಲ್ಲಿಸಲಿಲ್ಲ. ರೊಟ್ಟಿ ಬೆಳೆಯಿತು. ಹಂಚಿಗೆ ಹಾಕಿ, ಮೇಲೆ ಒದ್ದೆ ಬಟ್ಟೆ ಆಡಿಸಿ, ಮಗುಚಿದಳು. ಅದು ಉಬ್ಬಿತು.

ಅಲ್ಲಲ್ಲಿ ತೇಪೆ ಹಾಕಿದಂತಿದ್ದ ಆ ರೊಟ್ಟಿ ಒಬ್ಬ ಹಮಾಲನ ತಟ್ಟೆಗೆ ಹೋಯಿತು. ಕಾಶವ್ವ ಕಿವಿಯನ್ನು ಹೊರಗಿಟ್ಟು ಮುಂದಿನ ಉಂಡೆ ತಟ್ಟತೊಡಗಿದಳು. ಹೊರಗಿನಿಂದ ದನಿ ಬಂತು.

"ಅಕ್ಕಾರ, ಈ ರೊಟ್ಟಿಗೆ ಹೊಲಿಗಿ ಹಾಕ್ಸೀರೇನ್ರಿ?"

"ಯಾಕೋ, ಬ್ಯಾಡೇನು?" ಎಂದಳು ಸಾತವ್ವ.

"ಬ್ಯಾಡ ಅಂದವರು ಯಾರು? ಇಂಥಾದ ಇನ್ನೊಂದು ಹಾಕ್ರಿ."

ಆ ದಿನ ಅವಳ ಹಂಚಿನಿಂದ ಹೊರಟ ರೊಟ್ಟಿಗಳಲ್ಲಿ ಸೀಳದಿದ್ದದ್ದು ಒಂದೂ ಇರಲಿಲ್ಲ. ತಟ್ಟೆಯಲ್ಲಿ ಉಳಿದದ್ದೂ ಒಂದು ಇರಲಿಲ್ಲ. ಹೊರಡುವಾಗ ಸಾತವ್ವ, "ನಾಳೆ ಲಗೂನ ಬಾ," ಎಂದಳು. ಅಷ್ಟೇ ಎಂದಳು.

ಮನೆಯಲ್ಲಿ ಸಾಹುಕಾರ ಗೋಡೆ ನೋಡುತ್ತಲೇ ಇದ್ದ. ಅವಳು ಅವನ ಮುಂದೆ ರೊಟ್ಟಿ ಇಟ್ಟಳು. ಅವನು ತಲೆ ತಿರುಗಿಸಿ ನೋಡಿದ. ಶ್ರೀಮಂತರ ಕಣ್ಣು ನೋಡಿ, ಮೊದಲು ಕಂಡದ್ದು ಅದೇ.

"ಸೀಳೈತಿ."

"ಸೀಳಿತ್ತು. ಕೂಡಿಸೀನಿ."

ಅವಳು ತಟ್ಟೆಯನ್ನು ಅವನ ಹತ್ತಿರ ಸರಿಸಿದಳು.

"ಮೊದಲಿಂದ ಅಂತೀರಲ್ಲ, ಮೊದಲಿಂದ ಮಾಡ್ರಿ ಅಂತ ನಿಮಗ ಯಾರು ಹೇಳ್ಯಾರ? ನಾನೂ ದಿನಾ ಮೊದಲಿಂದ ಮಾಡಿ ಮಾಡಿನ ಸೋತೆ. ಸುಟ್ಟದ್ದು ಗಿರಣಿ. ನಿಮ್ಮ ಕಣ್ಣು ಸುಟ್ಟಾವೇನು? ಹತ್ತಿ ಮುಟ್ಟಿ ಗುಣ ಹೇಳೂ ಕೈ ಸುಟ್ಟಾವೇನು? ಸಾತವ್ವಗ ಅಡತಿಯವ ದಿನಾ ಹುಳ ಹತ್ತಿದ ಜ್ವಾಳ ಹಾಕ್ತಾನ. ನಾಳೆ ಬಂದು ಒಂದ ಚೀಲ ಜ್ವಾಳ ಆರಿಸಿ ಕೊಡ್ರಿ. ಗಿರಣಿ ಬ್ಯಾಡ. ಒಂದ ಚೀಲ."

ಅವನು ಕೈ ಚಾಚಿದ. ರೊಟ್ಟಿಯ ಮೇಲಿನ ಆ ತೇಪೆಯನ್ನು ಹೆಬ್ಬೆರಳಿನಿಂದ ಮುಟ್ಟಿ ನೋಡಿದ. ಆಮೇಲೆ ಮುರಿದು ಬಾಯಿಗಿಟ್ಟ.

ಬೆಳಿಗ್ಗೆ ಕಾಶವ್ವ ತಲೆ ಬಾಚಿಕೊಳ್ಳುತ್ತಿದ್ದಾಗ ಹೊರಬಾಗಿಲ ಹತ್ತಿರ ಸದ್ದಾಯಿತು. ಸಾಹುಕಾರ ಚಪ್ಪಲಿ ಹುಡುಕುತ್ತಿದ್ದ.

ಪೇಟೆಯಲ್ಲಿ ಜೋಳದ ದಲಾಲಿ ಅಂಗಡಿ ನಡೆಸುವ ಅಡತಿಯವನು ಅವನನ್ನು ಕಂಡು ಹಲ್ಲು ಕಿರಿದ. "ಏನ್ರಿ ಸಾವಕಾರ್ರ, ಹತ್ತಿ ಬಿಟ್ಟು ಜ್ವಾಳಕ್ಕ ಇಳದ್ರಿ?" ಪಕ್ಕದಲ್ಲಿದ್ದ ಕಾಶವ್ವ ಗಂಡನ ಮುಖ ನೋಡಿದಳು. ಇಲ್ಲಿಂದಲೇ ತಿರುಗಿ ಹೋದರೆ ಇವರು ಮತ್ತೆಂದೂ ಏಳುವುದಿಲ್ಲ ಎಂದು ಅವಳಿಗೆ ಗೊತ್ತಿತ್ತು. ಸಾಹುಕಾರನ ಕಿವಿ ಕೆಂಪಾಯಿತು. ಆಮೇಲೆ ಅಂಗಿಯ ತೋಳು ಮಡಚಿ, ಚೀಲದೊಳಗೆ ಮೊಣಕೈವರೆಗೆ ಕೈ ಇಳಿಸಿ, ತಳದಿಂದ ಒಂದು ಹಿಡಿ ಜೋಳ ತೆಗೆದ. ಒಂದು ಕಾಳು ಕಚ್ಚಿ ಉಗುಳಿದ.

"ಮ್ಯಾಲ ಹೊಸಾದು ಹಾಕಿ, ತಳಕ್ಕ ಹಳೇದು ತುಂಬೀಯಲ್ಲೋ. ಇನ್ನೊಂದು ಚೀಲ ಬಿಚ್ಚು."

ಮುಂದೆ ಅವನು ಮತ್ತೆ ಶ್ರೀಮಂತನಾದನೆ? ಗೊತ್ತಿಲ್ಲ. ಕಥೆ ಅಷ್ಟು ದೂರ ಹೋಗುವುದಿಲ್ಲ. ಅವನು ಎದ್ದ. ಎಬ್ಬಿಸಿದವಳು ತಾನೇ ದಿನವೂ ಸೋಲುತ್ತಿದ್ದ ಒಬ್ಬ ಹೆಂಗಸು. ನನಗೆ ಅಷ್ಟು ಸಾಕು.

ಈಗ ನಿಮ್ಮ ಮಾತಿಗೆ ಬರೋಣ. ನಾವು ಮಾಡುವುದೇನು? ಒಂದು ಕಡೆ ಸೀಳಿದರೆ ಇಡೀ ಬದುಕನ್ನು ಮುದುಡುತ್ತೇವೆ. ಮಗ ಒಂದು ವಿಷಯದಲ್ಲಿ ಫೇಲಾದರೆ, "ನಿನಗೆ ವಿದ್ಯೆಯೇ ಹತ್ತುವುದಿಲ್ಲ" ಎನ್ನುತ್ತೇವೆ. ಒಂದು ಮಾತಿಗೆ ಜಗಳವಾದರೆ, ಮದುವೆಯಾದ ದಿನದಿಂದ ಲೆಕ್ಕ ತೆಗೆಯುತ್ತೇವೆ. ಕುಡಿತ ಬಿಟ್ಟು ಒಂದು ದಿನ ತಪ್ಪಿ ಕುಡಿದವನು, ಹೇಗೂ ವ್ರತ ಕೆಟ್ಟಿತು ಎಂದು ಮರುದಿನವೂ ಕುಡಿಯುತ್ತಾನೆ. ಬರುವ ಸೋಮವಾರದಿಂದ, ಬರುವ ಯುಗಾದಿಯಿಂದ ಹೊಸ ಮನುಷ್ಯನಾಗುತ್ತೇನೆ ಎನ್ನುತ್ತಾನೆ. ಹೊಸ ಮನುಷ್ಯ ಎಲ್ಲಿಂದ ಬರಬೇಕು? ಇರುವವನು ನೀನೊಬ್ಬನೇ ಅಲ್ಲವೆ?

ಮಗನನ್ನು ಬೈಯಬೇಡಿ. ಇಂದು ಅವನಿಗೆ ಬಾರದ ಆ ಒಂದು ಪಾಠವನ್ನು ಹಿಡಿದು ಪಕ್ಕದಲ್ಲಿ ಕೂರಿ. ಜಗಳವಾಡಿದ್ದೀರಾ? ಇಂದಿನ ಜಗಳವನ್ನಷ್ಟೇ ಮುಗಿಸಿ. ನಿನ್ನೆ ಕುಡಿದವನೆ, ಇಂದು ಸಂಜೆ ಹೆಂಡದಂಗಡಿಯ ಆ ಓಣಿಯಲ್ಲಿ ಹೋಗಬೇಡ. ಇಂದು ಸಂಜೆ ಮಾತ್ರ.

ಇನ್ನು, ಮನೆಯವರೊಬ್ಬರನ್ನು ಕಳೆದುಕೊಂಡು ಈ ಸಭೆಯ ಹಿಂದೆ ಗೋಡೆಗೊರಗಿ ಕುಳಿತವರೂ ಇದ್ದೀರಿ. ಧೈರ್ಯ ತಂದುಕೋ ಎಂದು ಊರೆಲ್ಲ ನಿಮಗೆ ಹೇಳಿದೆ. ನಾನು ಹೇಳುವುದಿಲ್ಲ. ಮನೆಗೆ ಹೋಗಿ. ಮುಂಜಾನೆಯಿಂದ ಹಾಗೇ ಬಿದ್ದಿರುವ ಚಹಾದ ಲೋಟ ಇರುತ್ತದಲ್ಲ, ಅದನ್ನು ತೊಳೆದು ಬೋರಲು ಹಾಕಿ. ಇಂದಿಗೆ ಅಷ್ಟು ಮಾಡಿ.