ಸಂಪಿಗೆ ಮರದ ಕ್ಷೌರ

ಕ್ಷೌರದಂಗಡಿಯ ಬೆಂಚಿನಲ್ಲಿ ನನ್ನ ಪಕ್ಕ ಕೂತಿದ್ದ ಗಂಡ ಹೆಂಡತಿ ಮನೆಯಂಗಳದ ಸಂಪಿಗೆ ಮರದ ವಿಷಯಕ್ಕೆ ಜಗಳವಾಡುತ್ತಿದ್ದರು.

"ಮೊಗ್ಗು ಬಿಟ್ಟಿರೋ ಮರಕ್ಕೆ ಯಾರಾದ್ರೂ ಗರಗಸ ಹಾಕ್ತಾರೇನ್ರೀ?"

"ಕಿಟಕಿಗೆ ತಾಗ್ತಿತ್ತು ಕಣೇ. ಒಂದು ಕೊಂಬೆ ತೆಗೆದೆ."

"ಒಂದಾ?"

"ಆಮೇಲೆ ಆ ಕಡೆ ಜಾಸ್ತಿ ಅನ್ನಿಸ್ತು, ಅದನ್ನೂ ತೆಗೆದೆ. ಆಗ ಈ ಕಡೆ ಜಾಸ್ತಿ ಕಾಣಿಸ್ತು."

"ಈಗ ಬರೀ ಕಂಬ ನಿಂತಿದೆ. ನಮ್ಮಮ್ಮ ನೆಟ್ಟ ಮರ ಅದು. ನಾಳೆ ಬರ್ತಾಳೆ, ಏನು ಹೇಳ್ಲಿ?"

"ಹೂ ಮುಗಿದ ಮೇಲೆ ಕತ್ತರಿಸ್ಬೇಕಿತ್ತು, ಒಪ್ಕೋತೀನಿ. ಚಿಗುರತ್ತೆ ಬಿಡೇ."

ಕ್ಷೌರಿಕ ಕುರ್ಚಿ ಒರೆಸಿ ಕರೆದ. "ಬನ್ನಿ ಸಾರ್, ಹೇಗೆ ಮಾಡ್ಲಿ?"

ಗಂಡ ಎದ್ದು ಹೋಗಿ ಕೂತ. "ಸುತ್ತ ಸ್ವಲ್ಪ ಸಮ ಮಾಡಿ, ಸಾಕು."

ಹೆಂಡತಿಯೂ ಹಿಂದೆಯೇ ಹೋಗಿ ಕುರ್ಚಿಯ ಪಕ್ಕ ನಿಂತಳು.

"ಬೆಳಿಗ್ಗೆ ಏಣಿ ಹತ್ತುವಾಗ ಇವರೂ ಹೀಗೇ ಅಂದಿದ್ರು. ನೀವೂ ಹಾಗೇ ಸಮ ಮಾಡಿ."